ಆನೆಲಾಯದಲ್ಲಿ ಸಿಕ್ಕ ಹುಡುಗ

1916ರಲ್ಲಿ ಕೆನಡಾದ ಟೊರಾಂಟೊದಲ್ಲಿ ಒಂದು ಸಿಗರೇಟಿನ ಕಿಡಿ ಸುಮಾರು 30,000 ಅಡಿ ಫಿಲ್ಮನ್ನು ಸುಟ್ಟು ಬೂದಿ ಮಾಡಿತು. ಇನ್ಯೂಟ್ ಜನರ ಬದುಕನ್ನು ಹಿಮನಾಡಿನಿಂದ ಸೆರೆಹಿಡಿದು ತಂದಿದ್ದ ರಾಬರ್ಟ್ ಫ್ಲಾಹರ್ಟಿ ಬೆಂಕಿ ಆರಿಸಲು ಹೋಗಿ ಕೈ ಸುಟ್ಟುಕೊಂಡ. ಉಳಿದಿದ್ದ ಒಂದೇ ಪ್ರತಿಯನ್ನು ಹಾಕಿ ನೋಡಿದರೆ ಅವನಿಗೇ ಬೇಸರ ಬಂತು. ಊರಿತ್ತು, ಹಿಮವಿತ್ತು, ಮನುಷ್ಯನೇ ಇರಲಿಲ್ಲ. 1920ರಲ್ಲಿ ಮತ್ತೆ ಹೋಗಿ ಒಬ್ಬ ಬೇಟೆಗಾರನ ಬೆನ್ನು ಹಿಡಿದ. ಎಷ್ಟೋ ದೃಶ್ಯಗಳನ್ನು ಹೇಳಿ ಮಾಡಿಸಿದ್ದೇ ಆದರೂ 1922ರ ‘ನಾನೂಕ್ ಆಫ್ ದಿ ನಾರ್ತ್’ ಚಿತ್ರದಲ್ಲಿ ಜಗತ್ತು ಕಂಡದ್ದು ನಿಜವಾದ ಬೇಟೆಗಾರನನ್ನೇ.

1935ರಲ್ಲಿ ಅದೇ ಫ್ಲಾಹರ್ಟಿ ಮೈಸೂರಿಗೆ ಬಂದ. ಲಂಡನ್ನಿನ ನಿರ್ಮಾಪಕ ಅಲೆಕ್ಸಾಂಡರ್ ಕೋರ್ಡಾಗೆ ಬೇಕಾಗಿದ್ದದ್ದು ಕಿಪ್ಲಿಂಗನ ಕತೆ: ಆನೆಯೊಂದು, ಮಾವುತನ ಮಗನೊಬ್ಬ. ನಾಲ್ವಡಿ ಕೃಷ್ಣರಾಜ ಒಡೆಯರು ಆನೆಗಳನ್ನು ಕೊಟ್ಟರು. ಐರಾವತ ಎಂಬ ಭಾರೀ ಗಾತ್ರದ ಆನೆ ಕೂಡಲೇ ಒದಗಿತು. ಹುಡುಗ ಮಾತ್ರ ಸಿಗಲೊಲ್ಲ.

ಕೊನೆಗೆ ಅವನನ್ನು ಕಂಡದ್ದು ಛಾಯಾಗ್ರಾಹಕ ಆಸ್ಮಂಡ್ ಬೊರಡೇಲ್, ಅದೂ ಅರಮನೆಯ ಆನೆಲಾಯದಲ್ಲಿ. ಕಾರಾಪುರದಲ್ಲಿ ಹುಟ್ಟಿದ ಹುಡುಗ, ಹೆಸರು ಸಾಬು, ವಯಸ್ಸು ಹನ್ನೊಂದು. ಮಾವುತನಾಗಿದ್ದ ತಂದೆ ತೀರಿಕೊಂಡು, ಲಾಯವೇ ಮನೆಯಾಗಿತ್ತು. ಐರಾವತ ಸೊಂಡಿಲು ಸುತ್ತಿ ಎತ್ತಿದರೆ ಸಾಬು ಮೆಟ್ಟಿಲು ಹತ್ತಿದಷ್ಟು ಸಲೀಸಾಗಿ ಅದರ ನೆತ್ತಿಯ ಮೇಲೆ ಕುಳಿತುಬಿಡುತ್ತಿದ್ದ.

ಅಲ್ಲಿಗೆ ಕಷ್ಟ ಮುಗಿಯಲಿಲ್ಲ. ಮಳೆಗಾಲ ಬಂದು ಕೆಲಸ ಕೆಟ್ಟಿತು. ಫ್ಲಾಹರ್ಟಿಗೆ ಅವಸರವೆಂಬುದೇ ಇರಲಿಲ್ಲ. ಮೊದಲು ನೋಡಬೇಕು, ಕತೆ ಆಮೇಲೆ ತಾನಾಗಿ ಬರುತ್ತದೆ ಎಂಬುದು ಅವನ ಹಟ. ಸುರುಳಿಗಳು ಸುಮಾರು 3 ಲಕ್ಷ ಅಡಿ ಮುಟ್ಟಿದವು. ಖರ್ಚು ಏರಿದಂತೆ ಕೋರ್ಡಾನ ತಾಳ್ಮೆ ತಪ್ಪಿತು. ಅವನು ತಮ್ಮ ಜೋಲ್ಟಾನನನ್ನು ಕಳಿಸಿದ. 1936ರಲ್ಲಿ ತಂಡವನ್ನೇ ಇಂಗ್ಲೆಂಡಿಗೆ ಕರೆಸಿಕೊಂಡ. ಡೆನ್ಹ್ಯಾಮ್ ಸ್ಟುಡಿಯೋದಲ್ಲಿ ಇಂಗ್ಲಿಷ್ ನಟರು ಭಾರತೀಯರ ಪಾತ್ರ ಮಾಡಿ ಉಳಿದ ಕತೆಯನ್ನು ತುಂಬಿದರು.

1937ರಲ್ಲಿ ‘ಎಲಿಫೆಂಟ್ ಬಾಯ್’ ತೆರೆಕಂಡಿತು. ವೆನಿಸ್ ಚಿತ್ರೋತ್ಸವದಲ್ಲಿ ಫ್ಲಾಹರ್ಟಿಗೂ ಜೋಲ್ಟಾನನಿಗೂ ಉತ್ತಮ ನಿರ್ದೇಶಕ ಪ್ರಶಸ್ತಿ ಬಂತು. ಒಂದೇ ಚಿತ್ರದಲ್ಲಿ ಎರಡು ಲೋಕ ಅಕ್ಕಪಕ್ಕ ನಿಂತಿದ್ದವು: ಪಳಗಿದ ನಟರು ಸಂಭಾಷಣೆ ಒಪ್ಪಿಸುತ್ತಿದ್ದರು, ಮೈಸೂರಿನ ಹುಡುಗ ಬದುಕುತ್ತಿದ್ದ.

ಆ ವ್ಯತ್ಯಾಸಕ್ಕೆ ಕಾರಣ ಸರಳವಾಗಿತ್ತು. ಆನೆ ನಟನೆಗೆ ಮಣಿಯುವುದಿಲ್ಲ, ತನ್ನನ್ನು ಬಲ್ಲವನ ಮಾತು ಮಾತ್ರ ಕೇಳುತ್ತದೆ. ಆನೆಯ ಮೇಲೆ ಕುಳಿತ ಸಾಬುವಿನ ಗಮನವೆಲ್ಲ ಅದರ ಮೇಲಿತ್ತು, ಕ್ಯಾಮೆರಾ ಮರೆತೇಹೋಗಿತ್ತು. ಮನುಷ್ಯ ತಾನು ಬಲ್ಲ ಕೆಲಸದಲ್ಲಿ ಮುಳುಗಿದಾಗ ತೆರೆಯ ಮೇಲೆ ತಾನಾಗಿಯೇ ಉಳಿಯುತ್ತಾನೆ. ಫ್ಲಾಹರ್ಟಿಯ ಈ ನೋಟ ಮುಂದಿನವರಿಗೂ ದಾಟಿತು. ಅವನ ‘ಲೂಸಿಯಾನಾ ಸ್ಟೋರಿ’ ಚಿತ್ರಕ್ಕೆ ಕ್ಯಾಮೆರಾ ಹಿಡಿದ ರಿಚರ್ಡ್ ಲೀಕಾಕ್ ಮುಂದೆ 1960ರಲ್ಲಿ, ಕೈಯಲ್ಲೇ ಹಿಡಿದು ಓಡಾಡಬಲ್ಲ ಕ್ಯಾಮೆರಾದೊಂದಿಗೆ ‘ಪ್ರೈಮರಿ’ ಎಂಬ ಸಾಕ್ಷ್ಯಚಿತ್ರದ ತಂಡದಲ್ಲಿ ದುಡಿದ. ಅವಲೋಕನದ ಸಾಕ್ಷ್ಯಚಿತ್ರಕ್ಕೆ ಹೊಸ ಯಂತ್ರ ದಾರಿ ಮಾಡಿಕೊಟ್ಟಿತು; ಕಾದು ನೋಡುವ ಗುಣ ಮಾತ್ರ ಹಳೆಯ ಗುರುವಿನದೇ.