ರಸ್ತೆ, ಬಂಡಿದಾರಿ, ಕಾಲುದಾರಿಗಳ ಒತ್ತುವರಿ: ತೆರವಿಗೆ ಇರುವ ಕಾನೂನು ಮಾರ್ಗಗಳು

ದಾರಿಗೆ ಬೇಲಿ ಬಿದ್ದಿದೆಯೆಂಬ ದೂರು ಬಂದೊಡನೆ ಜೆಸಿಬಿ ತರಿಸುವ ಮಾತು ಸಭೆಯಲ್ಲಿ ಕೇಳಿಬರುವುದು ಸಹಜ. ಆದರೆ ಮಾನ್ಯ ಸದಸ್ಯರು ಮೊದಲು ಇತ್ಯರ್ಥಪಡಿಸಿಕೊಳ್ಳಬೇಕಾದುದು, ಆ ದಾರಿ ಯಾರದು ಎಂಬುದನ್ನು.

ಗ್ರಾಮನಕಾಶೆಯಲ್ಲಿ ಚುಕ್ಕೆಗೆರೆಯಿಂದ ಗುರುತಿಸಲಾದ ಬಂಡಿದಾರಿ ಮತ್ತು ಕಾಲುದಾರಿ, ‘ಬಿ’ ಖರಾಬು ಎಂದು ದಾಖಲಾದ ರಸ್ತೆ, ಗ್ರಾಮಠಾಣಾದೊಳಗಿನ ಬೀದಿ ಇವು ಸಾಮಾನ್ಯವಾಗಿ ಸಾರ್ವಜನಿಕ ದಾರಿಗಳು. ಅನ್ಯರ ಸ್ವತ್ತಲ್ಲದ ಇಂಥ ರಸ್ತೆ, ದಾರಿಗಳು ಸರ್ಕಾರಕ್ಕೆ ಸೇರಿದವೆಂದು ಕರ್ನಾಟಕ ಭೂಕಂದಾಯ ಅಧಿನಿಯಮ, 1964ರ 67ನೇ ಪ್ರಕರಣ ಹೇಳುತ್ತದೆ. ಒಬ್ಬರ ಹಿಡುವಳಿಯ ಮೂಲಕ ನೆರೆಯ ರೈತರು ತಮ್ಮ ಹೊಲಕ್ಕೆ ಹೋಗುವ ದಾರಿಯ ವಿಷಯ ಬೇರೆ. ಅದು 1882ರ ಭಾರತೀಯ ಈಸ್‌ಮೆಂಟ್ ಅಧಿನಿಯಮಕ್ಕೆ ಒಳಪಟ್ಟದ್ದು. 20 ವರ್ಷ ಅಡೆತಡೆಯಿಲ್ಲದೆ ಹಕ್ಕಿನಿಂದ ಬಳಸಿದ್ದನ್ನು ಆ ರೈತರೇ ಸಿವಿಲ್ ನ್ಯಾಯಾಲಯದಲ್ಲಿ ಸಾಬೀತುಪಡಿಸಬೇಕು. ಅಂಥ ದಾರಿಯನ್ನು ಬಿಡಿಸಿಕೊಡುವ ಭರವಸೆಯನ್ನು ಪಂಚಾಯಿತಿ ನೀಡಬಾರದು.

ಸಾರ್ವಜನಿಕ ಬೀದಿಯಲ್ಲಿ ಕಟ್ಟಿದ ಗೋಡೆ, ಬೇಲಿ, ಜಗಲಿ, ಮೆಟ್ಟಿಲು ಮುಂತಾದವನ್ನು ತೆರವುಗೊಳಿಸುವ ಅಧಿಕಾರವನ್ನು ಕರ್ನಾಟಕ ಗ್ರಾಮ ಸ್ವರಾಜ್ ಮತ್ತು ಪಂಚಾಯತ್ ರಾಜ್ ಅಧಿನಿಯಮ, 1993ರ 72ನೇ ಪ್ರಕರಣವು ಗ್ರಾಮ ಪಂಚಾಯಿತಿಗೇ ಕೊಟ್ಟಿದೆ. ಈ ಅಧಿಕಾರ ನ್ಯಾಯಾಲಯದಲ್ಲಿ ಸೋಲುವುದು ಬಹುತೇಕ ಕ್ರಮದ ಲೋಪದಿಂದ.

ನಾನು ಹಿಂದೆ ಕೆಲಸ ಮಾಡಿದ ಒಂದು ಪಂಚಾಯಿತಿಯಲ್ಲಿ ಸ್ಮಶಾನದ ದಾರಿಗೆ ಕಲ್ಲುಕಂಬದ ಬೇಲಿ ಬಿದ್ದಿತ್ತು. ಮಳೆಗಾಲದಲ್ಲಿ ಜನ ಚಟ್ಟವನ್ನು ಮೊಣಕಾಲುದ್ದದ ಕೆಸರು ಗದ್ದೆಯಲ್ಲಿ ಹೊತ್ತು ಸಾಗಬೇಕಾಯಿತು. ಇಂಜಿನಿಯರಿಂಗ್ ಓದಿದವನೆಂಬ ಧೈರ್ಯದಿಂದ ನಾನೇ ಟೇಪು ಹಿಡಿದು ಅಳೆದು, ನೋಟಿಸು ಕೊಟ್ಟೆ. ನೋಟಿಸಿನಲ್ಲಿ ಸರ್ವೆ ನಂಬರಿತ್ತು; ಒತ್ತುವರಿಯ ಉದ್ದಗಲವಾಗಲಿ, ಭೂಮಾಪಕರ ನಕ್ಷೆಯಾಗಲಿ ಇರಲಿಲ್ಲ. ಎದುರುದಾರರಿಗೆ ತಡೆಯಾಜ್ಞೆ ಸಿಕ್ಕಿತು. ಮುಂದಿನ ಮಳೆಗಾಲವೂ ಹಾಗೆಯೇ ಕಳೆಯಿತು. ಅನಂತರ ತಹಶೀಲ್ದಾರರಿಗೆ ಬರೆದು ಸರ್ಕಾರಿ ಭೂಮಾಪಕರಿಂದ ಅಳತೆ ಮಾಡಿಸಿ, ಅಕ್ಕಪಕ್ಕದ ಹಿಡುವಳಿದಾರರ ಸಮಕ್ಷಮ ಮಹಜರು ಬರೆಸಿ, ಹೊಸ ನೋಟಿಸು ನೀಡಿ, ಬಂದ ಉತ್ತರವನ್ನು ಸಭೆಯಲ್ಲಿ ಓದಿ, ಕಾರಣಸಹಿತ ಠರಾವು ಮಾಡಿದೆವು. ಆ ಕಡತವನ್ನು ನ್ಯಾಯಾಲಯಕ್ಕೆ ಹಾಜರುಪಡಿಸಿದ ಮೇಲೆ ತಡೆಯಾಜ್ಞೆ ತೆರವಾಯಿತು.

ಒತ್ತುವರಿಯಾದ ಜಾಗ ಸರ್ಕಾರಿ ಜಮೀನಾಗಿದ್ದರೆ ಭೂಕಂದಾಯ ಅಧಿನಿಯಮದ 104ನೇ ಪ್ರಕರಣದಡಿ ಒಕ್ಕಲೆಬ್ಬಿಸುವಂತೆ ತಹಶೀಲ್ದಾರರನ್ನು ಕೋರಬಹುದು. 192-ಎ ಪ್ರಕರಣದಡಿ ಅದು ಶಿಕ್ಷಾರ್ಹ ಅಪರಾಧವೂ ಹೌದು. ಹೆದ್ದಾರಿಯ ಅಂಚಿನ ಒತ್ತುವರಿಯನ್ನು ಸಂಬಂಧಪಟ್ಟ ಇಲಾಖೆಗೇ ತಿಳಿಸತಕ್ಕದ್ದು.

ತುರ್ತು ಸಂದರ್ಭಕ್ಕೆ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, 2023ರ 152ನೇ ಪ್ರಕರಣವಿದೆ (ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ 133). ಸಾರ್ವಜನಿಕ ದಾರಿಯ ಅಡಚಣೆಯನ್ನು ತೆಗೆಯುವಂತೆ ಉಪವಿಭಾಗ ದಂಡಾಧಿಕಾರಿಗಳು ಷರತ್ತುಬದ್ಧ ಆದೇಶ ನೀಡಬಹುದು. ಆದರೆ ಎದುರುದಾರರು ಅಲ್ಲಿ ಸಾರ್ವಜನಿಕ ಹಕ್ಕೇ ಇಲ್ಲವೆಂದು ನಂಬಲರ್ಹ ಸಾಕ್ಷ್ಯ ಒದಗಿಸಿದರೆ, ಸಿವಿಲ್ ನ್ಯಾಯಾಲಯ ತೀರ್ಮಾನಿಸುವವರೆಗೆ ಆ ಕ್ರಮ ನಿಲ್ಲುತ್ತದೆ. ಪಂಚಾಯಿತಿಯೇ ಸುಮ್ಮನಿದ್ದರೆ ಇಬ್ಬರು ಅಥವಾ ಹೆಚ್ಚು ಗ್ರಾಮಸ್ಥರು ನ್ಯಾಯಾಲಯದ ಅನುಮತಿ ಪಡೆದು ಸಿವಿಲ್ ಪ್ರಕ್ರಿಯಾ ಸಂಹಿತೆಯ 91ನೇ ಪ್ರಕರಣದಡಿ ದಾವೆ ಹೂಡಬಹುದು.

‘ನಮ್ಮ ತಂದೆಯ ಕಾಲದಿಂದ ಅನುಭವದಲ್ಲಿದ್ದೇವೆ’ ಎಂಬ ವಾದವನ್ನು ಎಲ್ಲ ಸದಸ್ಯರೂ ಕೇಳಿರುತ್ತಾರೆ. ಸಾರ್ವಜನಿಕ ರಸ್ತೆಯ ಸ್ವಾಧೀನ ಮರಳಿ ಪಡೆಯಲು ಸ್ಥಳೀಯ ಸಂಸ್ಥೆಗೆ 1963ರ ಕಾಲಮಿತಿ ಅಧಿನಿಯಮವು 30 ವರ್ಷಗಳ ಅವಧಿ ನೀಡಿದೆ. ಗ್ರಾಮದ ಸಾಮುದಾಯಿಕ ಜಮೀನಿನ ಅಕ್ರಮ ಸ್ವಾಧೀನವು ದೀರ್ಘಕಾಲದ್ದೆಂಬ ಕಾರಣಕ್ಕೆ ಸಕ್ರಮವಾಗದೆಂದು ಸರ್ವೋಚ್ಚ ನ್ಯಾಯಾಲಯ ಜಗ್‌ಪಾಲ್ ಸಿಂಗ್ ಪ್ರಕರಣದಲ್ಲಿ (2011) ಸ್ಪಷ್ಟಪಡಿಸಿದೆ. ಆದರೂ ದೂರು ಬಂದ ದಿನವೇ ಸ್ವೀಕೃತಿ ವಹಿಯಲ್ಲಿ ದಾಖಲಿಸಿ, ದಿನಾಂಕ ಕಾಣುವಂತೆ ಸ್ಥಳದ ಛಾಯಾಚಿತ್ರ ತೆಗೆಸಿಡುವುದು ಕ್ಷೇಮ. ಒತ್ತುವರಿದಾರರು ಸದಸ್ಯರೊಬ್ಬರ ಬಂಧುವಾಗಿದ್ದಲ್ಲಿ ಆ ಸದಸ್ಯರು ಚರ್ಚೆಯಿಂದ ಹೊರಗುಳಿದುದನ್ನೂ ನಡಾವಳಿಯಲ್ಲಿ ನಮೂದಿಸಿರಿ. ಎದುರುಕಕ್ಷಿಯ ವಕೀಲರು ಮೊದಲು ಹುಡುಕುವುದು ಅದನ್ನೇ.