ಸಹವಿಕಾಸ ಸ್ನೇಹವಲ್ಲ, ಮರುಕಳಿಕೆ ಹಿನ್ನಡೆಯಲ್ಲ

ತಪ್ಪು ಕಲ್ಪನೆ: ಎರಡು ಜೀವಿಗಳು ಪರಸ್ಪರ ಉಪಕಾರ ಮಾಡಿಕೊಂಡು ಬಾಳುವುದೇ ಸಹವಿಕಾಸ.

ವಾಸ್ತವ: ಅತ್ತಿಕಾಯಿಯನ್ನು ಸೀಳಿ ನೋಡಿ. ಅದು ಒಳಮುಖವಾಗಿ ಮುಚ್ಚಿಕೊಂಡ ಹೂಗೊಂಚಲು. ತುದಿಯ ಕಿರುಗಂಡಿಯಲ್ಲಿ ಹೆಣ್ಣು ಕಣಜ ನುಸುಳುವಾಗ ಸಾಮಾನ್ಯವಾಗಿ ರೆಕ್ಕೆಗಳೇ ಮುರಿದುಹೋಗುತ್ತವೆ. ತಂದ ಪರಾಗವನ್ನು ಹೂಗಳಿಗೆ ಮುಟ್ಟಿಸಿ, ಕೆಲವು ಹೂಗಳಲ್ಲಿ ಮೊಟ್ಟೆಯಿಟ್ಟು ಅಲ್ಲೇ ಸಾಯುತ್ತದೆ. ಮೊಟ್ಟೆ ಬಿದ್ದ ಹೂ ಬೀಜವಾಗದೆ ಮರಿಹುಳದ ಆಹಾರವಾಗುತ್ತದೆ. ಮುಂದೆ ರೆಕ್ಕೆಯಿಲ್ಲದ ಗಂಡುಗಳು ಒಳಗೇ ಹೆಣ್ಣುಗಳನ್ನು ಕೂಡಿ, ಕಾಯಿಯ ಗೋಡೆ ಕೊರೆದು ದಾರಿ ಬಿಡಿಸುತ್ತವೆ. ಹೆಣ್ಣುಗಳು ಪರಾಗ ಹೊತ್ತು ಇನ್ನೊಂದು ಮರ ಹುಡುಕುತ್ತವೆ. ಮರಕ್ಕೆ ಹೆಚ್ಚು ಬೀಜ ಬೇಕು, ಕಣಜಕ್ಕೆ ಹೆಚ್ಚು ಮರಿ ಬೇಕು. ಹಾಗಾಗಿ ಇಬ್ಬರ ಹಿತವೂ ಒಂದೇ ಕಾಯಿಯೊಳಗೆ ಎದುರುಬದುರಾಗಿದೆ. ಹುಳುಕು ಹಣ್ಣೆಂದು ಅತ್ತಿಯನ್ನು ಜರೆಯುವುದು ನನಗೆ ಬೇಸರದ ಮಾತು. ಆ ಹುಳವಿಲ್ಲದೆ ಅತ್ತಿಗೆ ಸಂತಾನವೇ ಇಲ್ಲ.

ಇನ್ನು ಹಗೆತನದಲ್ಲೂ ಸಹವಿಕಾಸ ನಡೆಯುತ್ತದೆ. 1950ರಲ್ಲಿ ಆಸ್ಟ್ರೇಲಿಯಾದಲ್ಲಿ ಮೊಲಗಳ ಹಾವಳಿ ತಡೆಯಲು ಮಿಕ್ಸೋಮಾ ವೈರಸ್ ಬಿಟ್ಟರು. ಮೊದಮೊದಲು ಸೋಂಕು ತಗುಲಿದ ನೂರರಲ್ಲಿ ತೊಂಬತ್ತೊಂಬತ್ತಕ್ಕೂ ಹೆಚ್ಚು ಮೊಲಗಳು ಸತ್ತವು. ಕೆಲವೇ ವರ್ಷಗಳಲ್ಲಿ ಸೌಮ್ಯ ತಳಿಗಳು ಹಬ್ಬಿದವು. ಮೊಲ ಹೆಚ್ಚು ದಿನ ಬದುಕಿದರೆ ಸೊಳ್ಳೆಗಳಿಗೆ ರೋಗ ಹರಡಲು ಹೆಚ್ಚು ಅವಕಾಶ. ಅತ್ತ ಮೊಲಗಳಲ್ಲೂ ಪ್ರತಿರೋಧ ಬಲಿಯಿತು.

ತಪ್ಪು ಕಲ್ಪನೆ: ಹಾಗಾದರೆ ರೋಗಾಣು ಕಾಲಕ್ರಮೇಣ ಸಾಧುವಾಗಿಯೇ ತೀರುತ್ತದೆ.

ವಾಸ್ತವ: ಇಲ್ಲ. ಇದೇ ವೈರಸ್ಸಿನ 1990ರ ದಶಕದ ಕೆಲವು ತಳಿಗಳನ್ನು ಪ್ರತಿರೋಧವಿಲ್ಲದ ಪ್ರಯೋಗಾಲಯದ ಮೊಲಗಳಿಗೆ ತಗುಲಿಸಿದಾಗ, ಅವು ರೋಗನಿರೋಧಕ ವ್ಯವಸ್ಥೆಯನ್ನೇ ಕುಗ್ಗಿಸಿ ಕೊಂದವು.

ತಪ್ಪು ಕಲ್ಪನೆ: ಹೂವಿಗೂ ಕೀಟಕ್ಕೂ ಅಳತೆ ಹೊಂದಿದರೆ ಸಹವಿಕಾಸ ಆಗಿದೆ ಎಂದರ್ಥ.

ವಾಸ್ತವ: ಹೊಂದಿಕೆಯೊಂದೇ ಸಾಕ್ಷಿಯಲ್ಲ. ಒಂದರ ಬದಲಾವಣೆಗೆ ಇನ್ನೊಂದು ಬದಲಾಗಿ, ಆ ಬದಲಾವಣೆಗೆ ಮೊದಲಿನದು ಮತ್ತೆ ಬದಲಾಗಿರಬೇಕು ಎಂದು ಪರಿಸರವಿಜ್ಞಾನಿ ಡೇನಿಯಲ್ ಜಾನ್ಜೆನ್ 1980ರಲ್ಲೇ ಎಚ್ಚರಿಸಿದ್ದರು. ಬೇರೆಲ್ಲೋ ರೂಪುಗೊಂಡ ಉದ್ದ ನಾಲಿಗೆಯ ಕೀಟ ಹೊಸ ಊರಿನ ಹೂವಿಗೆ ಸರಿಹೊಂದಬಹುದು.

ಇನ್ನು ವಿಕಾಸದಲ್ಲಿ ಮರುಕಳಿಕೆಯ ಮಾತು.

ತಪ್ಪು ಕಲ್ಪನೆ: ತಿಮಿಂಗಿಲ ಸಮುದ್ರಕ್ಕೆ ಮರಳಿತು, ಅಂದರೆ ವಿಕಾಸ ಹಿಂದಕ್ಕೆ ನಡೆಯಿತು.

ವಾಸ್ತವ: ನೀರಿಗೆ ಮರಳಿತೇ ಹೊರತು ಮೀನಾಗಲಿಲ್ಲ. ಮೀನು ಬಾಲವನ್ನು ಅಡ್ಡಡ್ಡ ಬೀಸುತ್ತದೆ. ತಿಮಿಂಗಿಲದ ಬಾಲ ಮೇಲೆ ಕೆಳಗೆ ಆಡುತ್ತದೆ, ಓಡುವ ಸಸ್ತನಿಯ ಬೆನ್ನೆಲುಬು ಬಾಗಿದಂತೆ. ಕಿವಿರಿಲ್ಲ, ಶ್ವಾಸಕೋಶವಿದೆ. ಕಳೆದುಹೋದ ಜಟಿಲ ಅಂಗ ಮೊದಲಿನ ರೂಪದಲ್ಲೇ ಮರಳದು ಎಂದು ಬೆಲ್ಜಿಯಂನ ಪಳೆಯುಳಿಕೆ ವಿಜ್ಞಾನಿ ಲೂಯಿ ಡೊಲ್ಲೊ 1893ರಲ್ಲಿ ಹೇಳಿದ್ದು ಇಂಥ ನೋಟದಿಂದಲೇ. ಆ ನಿಯಮಕ್ಕೂ ಅಪವಾದಗಳಿವೆ: ದಕ್ಷಿಣ ಅಮೆರಿಕದ ಗಾಸ್ಟ್ರೋಥೀಕಾ ಗುಂತೇರಿ ಎಂಬ ಕಪ್ಪೆಯಲ್ಲಿ, ಇತರ ಕಪ್ಪೆಗಳು ಕಳೆದುಕೊಂಡ ಕೆಳದವಡೆಯ ಹಲ್ಲು ಮತ್ತೆ ಬಂದಿದೆ.

ತಪ್ಪು ಕಲ್ಪನೆ: ಆ್ಯಂಟಿಬಯೋಟಿಕ್ ನಿಲ್ಲಿಸಿದರೆ ಬ್ಯಾಕ್ಟೀರಿಯಾ ತಾನಾಗಿ ಮೊದಲಿನಂತಾಗುತ್ತದೆ.

ವಾಸ್ತವ: ಪ್ರತಿರೋಧ ತಂದ ರೂಪಾಂತರ ಬ್ಯಾಕ್ಟೀರಿಯಾಕ್ಕೆ ಭಾರವಾದಾಗ, ಡಿಎನ್ಎಯ ಮೊದಲಿನ ಅಕ್ಷರವೇ ಹಿಂದಿರುಗುವುದಕ್ಕಿಂತ ಬೇರೊಂದು ಜಾಗದಲ್ಲಿ ಹೊಸ ರೂಪಾಂತರವಾಗಿ ಆ ನಷ್ಟ ತುಂಬುವುದು ಸುಲಭ. ಆಗ ಬ್ಯಾಕ್ಟೀರಿಯಾ ಚುರುಕಾಗಿಯೂ ಇರುತ್ತದೆ, ಔಷಧಕ್ಕೆ ಬಗ್ಗದೆಯೂ ಇರುತ್ತದೆ.