ಕಾರ್ಖಾನೆಯಿಂದ ಬಂದ ಮನೆಗಳು

ಮನೆ ಕಟ್ಟುವುದೆಂದರೆ ತಳಪಾಯ ತೋಡಿ, ಗೋಡೆ ಎಬ್ಬಿಸಿ, ಛಾವಣಿ ಹೊದಿಸುವುದೆಂದೇ ನಮ್ಮೆಲ್ಲರ ಕಲ್ಪನೆ. ಆದರೆ ಮನೆಯನ್ನೂ ಮೋಟಾರುಗಾಡಿಯಂತೆ ಕಾರ್ಖಾನೆಯಲ್ಲಿ ತಯಾರಿಸಿ, ಲಾರಿಯ ಮೇಲೆ ಹೇರಿ ತರಬಹುದು. ಎರಡನೆಯ ಮಹಾಯುದ್ಧದ ಕೊನೆಯಲ್ಲಿ ಬ್ರಿಟನ್ ದೇಶವು ಈ ಉಪಾಯಕ್ಕೆ ಮೊರೆಹೊಕ್ಕಿತು.

ಜರ್ಮನಿಯ ಬಾಂಬುದಾಳಿಗೆ ಸಿಕ್ಕಿ ಅಲ್ಲಿ ಲಕ್ಷಗಟ್ಟಲೆ ಮನೆಗಳು ನೆಲಸಮವಾಗಿದ್ದವು, ಇಲ್ಲವೆ ವಾಸಕ್ಕೆ ಅನರ್ಹವಾಗಿದ್ದವು. ಯುದ್ಧದ ಆರು ವರ್ಷ ಹೊಸ ಮನೆಗಳ ನಿರ್ಮಾಣವೂ ಬಹುಮಟ್ಟಿಗೆ ನಿಂತುಹೋಗಿತ್ತು. ಸೈನಿಕರು ಊರಿಗೆ ಮರಳಿ ಸಂಸಾರ ಹೂಡಬೇಕು, ಆದರೆ ಎಲ್ಲಿ? ಇಟ್ಟಿಗೆ, ಮರಮುಟ್ಟುಗಳು ದುರ್ಲಭ. ಗಾರೆಯವರೂ ಬಡಗಿಗಳೂ ಸಾಲರು. ಇತ್ತ ಯುದ್ಧ ಮುಗಿದರೆ ವಿಮಾನದ ಕಾರ್ಖಾನೆಗಳಿಗೆ ಕೆಲಸವಿಲ್ಲ. 1944ರ ಮಾರ್ಚ್ ತಿಂಗಳಿನಲ್ಲಿ ಪ್ರಧಾನಿ ಚರ್ಚಿಲ್ಲರು ಬಾನುಲಿಯ ಮೂಲಕ 5 ಲಕ್ಷ ತಾತ್ಕಾಲಿಕ ಮನೆಗಳ ಯೋಜನೆಯನ್ನು ಸಾರಿದರು. ಅದೇ ವರ್ಷ ಅದಕ್ಕೆ ಶಾಸನವೂ ಆಯಿತು.

ಇವುಗಳಲ್ಲಿ ಅತ್ಯಂತ ಕುತೂಹಲಕರವಾದುದು ಅಲ್ಯೂಮಿನಿಯಂ ಮನೆ. ವಿಮಾನ ತಯಾರಿಸುತ್ತಿದ್ದ ಕೈಗಳೇ ಇದನ್ನೂ ರೂಪಿಸಿದವು. ಮನೆಯನ್ನು ರೊಟ್ಟಿಯ ಹೋಳುಗಳಂತೆ 4 ಭಾಗಗಳಾಗಿ ಮಾಡುತ್ತಿದ್ದರು; ಒಂದೊಂದು ಭಾಗವೂ ರಸ್ತೆಯಲ್ಲಿ ಸಾಗುವಷ್ಟೇ ಅಗಲ. ಕಿಟಕಿ, ವಿದ್ಯುತ್ ತಂತಿ, ನೀರಿನ ಕೊಳವೆ, ಬಣ್ಣ ಎಲ್ಲವೂ ಕಾರ್ಖಾನೆಯಲ್ಲಿಯೇ ಮುಗಿದಿರುತ್ತಿದ್ದವು. ನಿವೇಶನದಲ್ಲಿ ಕಾಂಕ್ರೀಟಿನ ಹಾಸಿನ ಮೇಲೆ ನಾಲ್ಕನ್ನೂ ಇಳಿಸಿ, ಬೋಲ್ಟುಗಳಿಂದ ಬಿಗಿದರೆ ಮನೆ ಸಿದ್ಧ! ಅಡುಗೆಮನೆ, ಸ್ನಾನದ ಮನೆಗಳನ್ನು ಬೆನ್ನಿಗೆ ಬೆನ್ನು ಕೊಟ್ಟು ನಿಲ್ಲಿಸಿದ್ದರಿಂದ ಕೊಳವೆಗಳೆಲ್ಲ ನಡುವಣ ಒಂದೇ ಗೋಡೆಯಲ್ಲಿ ಅಡಗಿದವು. ಬಿಸಿನೀರು, ಒಳಗೇ ಶೌಚಾಲಯ, ಶೀತಕ ಪೆಟ್ಟಿಗೆ—ಅಂದಿನ ಕಾರ್ಮಿಕ ಕುಟುಂಬಗಳಲ್ಲಿ ಹಲವು ಇಂಥ ಸೌಕರ್ಯವನ್ನು ಕಂಡೇ ಇರಲಿಲ್ಲ.

ವೆಚ್ಚದ ವಿಷಯದಲ್ಲಿ ಮಾತ್ರ ಲೆಕ್ಕ ತಪ್ಪಿತು. ಅಲ್ಯೂಮಿನಿಯಂ ಮನೆ ಇಟ್ಟಿಗೆಯ ಮನೆಗಿಂತಲೂ ದುಬಾರಿಯಾಯಿತು. 1949ರ ವೇಳೆಗೆ ಎಲ್ಲ ಬಗೆಯವೂ ಸೇರಿ ಸುಮಾರು 1,56,000 ಮನೆಗಳಷ್ಟೇ ಎದ್ದು, ಯೋಜನೆ ನಿಂತಿತು. ಇವುಗಳ ಆಯುಷ್ಯ 10–15 ವರ್ಷವೆಂದು ಎಣಿಸಿದ್ದರು. ಜನರಾದರೋ ಅಂಗಳದಲ್ಲಿ ಹೂಗಿಡ ನೆಟ್ಟು, ಮಕ್ಕಳನ್ನು ಬೆಳೆಸಿ, ಅಲ್ಲಿಯೇ ಬೇರೂರಿದರು. ಲಂಡನ್ನಿನ ಕ್ಯಾಟ್‌ಫರ್ಡ್‌ನಲ್ಲಿ 1945–46ರಲ್ಲಿ ಇಂಥ 187 ಮನೆಗಳ ಬಡಾವಣೆ ಎದ್ದಿತು. ಅದನ್ನು ಜೋಡಿಸಿದವರಲ್ಲಿ ಜರ್ಮನಿಯ ಯುದ್ಧಕೈದಿಗಳೂ ಇದ್ದರೆಂಬುದು ವಿಧಿಯ ವಿನೋದವೇ ಸರಿ. ಅರವತ್ತು ವರ್ಷಗಳ ಅನಂತರವೂ ಅಲ್ಲಿ ಒಲೆ ಉರಿಯುತ್ತಿತ್ತು. 2009ರಲ್ಲಿ ಆ ಪೈಕಿ 6 ಮನೆಗಳು ಸಂರಕ್ಷಿತ ಕಟ್ಟಡಗಳ ಪಟ್ಟಿಗೆ ಸೇರಿದವು. ಕೆಲವು ನಿವಾಸಿಗಳು ಪ್ರತಿಭಟಿಸಿದರೂ ಉಳಿದವನ್ನು ಕೆಡಹುವ ಕೆಲಸ 2013ರಲ್ಲಿ ಆರಂಭವಾಯಿತು.